ಮುಖ ತೋರುವ ಸಾಕ್ಷಿ, ಮರೆಯಲ್ಲಿರುವ ದನಿ

ಸಾಕ್ಷ್ಯಚಿತ್ರದ ನಿರ್ದೇಶಕನು ತಾನೇ ಚಿತ್ರದೊಳಗೆ ಕಾಣಿಸಿಕೊಂಡರೆ ಅದು ಆತ್ಮಪ್ರಚಾರವಾಗುತ್ತದೆ ಎಂಬ ಮಾತು ವಿದ್ಯಾವಂತರ ವಲಯದಲ್ಲಿ ಬಹುಕಾಲದಿಂದ ಚಲಾವಣೆಯಲ್ಲಿದೆ. ಕ್ಯಾಮೆರಾ ಹಿಡಿದವನು ಮರೆಯಲ್ಲಿರಬೇಕು, ವಸ್ತುಸ್ಥಿತಿ ತಾನಾಗಿಯೇ ಮಾತನಾಡಬೇಕು ಎಂಬುದು ಈ ವಾದದ ತಿರುಳು. ಕೇಳಲು ಸಭ್ಯವಾದ ಮಾತು. ಮೇಲ್ನೋಟಕ್ಕೆ ನ್ಯಾಯವೆಂದೂ ತೋರುತ್ತದೆ. ಆದರೆ ನೆಲ, ನೀರು, ಕಾಡಿನ ಪ್ರಶ್ನೆ ಎದುರಾದಾಗ ಈ ಸಭ್ಯತೆಯಿಂದ ಯಾರಿಗೆ ಲಾಭ ಎಂದು ಕೇಳಿದೊಡನೆ ಅದರ ಬಣ್ಣ ಬಯಲಾಗುತ್ತದೆ.

ಕನ್ನಡದಲ್ಲಿ ಈ ಪ್ರಕಾರಕ್ಕೆ ಸಿಕ್ಕಿರುವ ಹೆಸರೇ ಉತ್ತರವನ್ನು ಹೇಳುತ್ತದೆ. ಸಾಕ್ಷ್ಯ ನುಡಿಯುವವನು ಕಟಕಟೆಗೆ ಬಂದು ನಿಲ್ಲಬೇಕು, ತನ್ನ ಹೆಸರು ಹೇಳಬೇಕು, ಎದುರು ಪಕ್ಷದ ಪಾಟೀಸವಾಲಿಗೆ ಮೈಯೊಡ್ಡಬೇಕು. ಗೋಡೆಯಾಚೆಯಿಂದ ತೇಲಿಬಂದ ದನಿಯನ್ನು ಯಾವ ನ್ಯಾಯಾಲಯವೂ ಸಾಕ್ಷ್ಯವೆಂದು ದಾಖಲಿಸದು. ಮುಖ ತೋರುವುದು ಸಾಕ್ಷಿಯ ಮೊದಲ ಕರ್ತವ್ಯ. ಕೇಳಿದ್ದಕ್ಕೆ ಉತ್ತರ ಕೊಡುವುದು ಎರಡನೆಯದು. ಈ ಎರಡನ್ನೂ ಒರೆಗೆ ಹಚ್ಚಿ ನೋಡಲು ಅಮೆರಿಕದ ಜಾಷ್ ಫಾಕ್ಸ್ ಎಂಬ ಸ್ವತಂತ್ರ ನಿರ್ದೇಶಕನ ಪ್ರಸಂಗ ಸೂಕ್ತವಾಗಿದೆ. ಮೊದಲನೆಯದರಲ್ಲಿ ಆತ ಗೆದ್ದ. ಎರಡನೆಯದರಲ್ಲಿ ಕೆಲವೆಡೆ ಎಡವಿದ. ಎರಡೂ ಗುಡ್ಡಗಾಡಿನ ಜನರಿಗೆ ಪಾಠವಾಗಬೇಕಾದವು.

ಅಂಚೆಯಲ್ಲಿ ಬಂದ ಆಮಿಷ

ಫಾಕ್ಸ್ ಮೂಲತಃ ನ್ಯೂಯಾರ್ಕಿನ ರಂಗಕರ್ಮಿ. ಬೆಳೆದದ್ದು ಪೆನ್ಸಿಲ್ವೇನಿಯಾ ರಾಜ್ಯದ ಮಿಲನ್‌ವಿಲ್ ಎಂಬ ಸಣ್ಣ ಊರಿನಲ್ಲಿ. ಕಾಡು, ಗುಡ್ಡ, ಡೆಲವೇರ್ ನದಿಗೆ ಸೇರುವ ಒಂದು ಹಳ್ಳ, ಅದರ ಬಳಿ ತಂದೆತಾಯಿ ಕಟ್ಟಿದ ಮನೆ. 2008ರಲ್ಲಿ ಆ ಮನೆಗೆ ಅನಿಲ ಕಂಪನಿಯೊಂದರ ಪತ್ರ ಬಂತು. ಹತ್ತೊಂಬತ್ತೂವರೆ ಎಕರೆ ಭೂಮಿಯನ್ನು ಗುತ್ತಿಗೆಗೆ ಕೊಟ್ಟರೆ ಸುಮಾರು 1 ಲಕ್ಷ ಡಾಲರ್ ನೀಡುವುದಾಗಿ ಅದರಲ್ಲಿ ಬರೆದಿತ್ತು. ಸಹಿಯೊಂದನ್ನು ಹಾಕಿದರೆ ಸಾಕಿತ್ತು.

ಆ ನೆಲದಡಿ ಮಾರ್ಸೆಲಸ್ ಎಂಬ ಜೇಡಿಶಿಲೆಯ ವಿಸ್ತಾರವಾದ ಸ್ತರವಿದೆ. ಕಲ್ಲಿನ ಸೂಕ್ಷ್ಮ ರಂಧ್ರಗಳಲ್ಲಿ ಅನಿಲ ಸಿಕ್ಕಿಕೊಂಡಿದೆ. ಅದನ್ನು ಹೊರತೆಗೆಯಲು ಸಾವಿರಾರು ಅಡಿ ಆಳಕ್ಕೆ ಬಾವಿ ಕೊರೆದು, ಅಲ್ಲಿಂದ ಅಡ್ಡಲಾಗಿ ತಿರುಗಿಸಿ, ದಶಲಕ್ಷಗಟ್ಟಲೆ ಗ್ಯಾಲನ್ ನೀರಿಗೆ ಮರಳು ಮತ್ತು ರಾಸಾಯನಿಕಗಳನ್ನು ಬೆರೆಸಿ ಭಾರೀ ಒತ್ತಡದಲ್ಲಿ ನುಗ್ಗಿಸಿ ಬಂಡೆಯನ್ನು ಸೀಳುತ್ತಾರೆ. ಇದೇ ಫ್ರ್ಯಾಕಿಂಗ್. ಒಳಹೋದ ನೀರಿನ ಒಂದು ಭಾಗ ಉಪ್ಪನ್ನೂ ವಿಷವನ್ನೂ ಹೊತ್ತು ಹಿಂದಿರುಗುತ್ತದೆ. ಬಾವಿಯ ಸಿಮೆಂಟ್ ಕವಚದಲ್ಲಿ ಲೋಪವಿದ್ದರೆ ಅನಿಲವು ಕುಡಿಯುವ ನೀರಿನ ಸೆಲೆಗೆ ದಾರಿ ಹುಡುಕಿಕೊಳ್ಳುತ್ತದೆ.

ಫಾಕ್ಸ್ ಸಹಿ ಹಾಕಲಿಲ್ಲ. ಕ್ಯಾಮೆರಾ ಹಿಡಿದು, ಕೊರೆತ ಆಗಲೇ ಆರಂಭವಾಗಿದ್ದ ಡಿಮಕ್ ಎಂಬ ಹಳ್ಳಿಗೆ ಹೋದ. 2009ರ ಜನವರಿ 1ರಂದು ಆ ಹಳ್ಳಿಯ ಮನೆಯೊಂದರ ಕುಡಿಯುವ ನೀರಿನ ಬಾವಿ ಸ್ಫೋಟಿಸಿ ಕಾಂಕ್ರೀಟ್ ಮುಚ್ಚಳವೇ ಸಿಡಿದಿತ್ತು. ಅಲ್ಲಿಂದ ಕೊಲರಾಡೊ, ವಯೋಮಿಂಗ್, ಯೂಟಾ, ಟೆಕ್ಸಾಸ್, ಲೂಸಿಯಾನ ರಾಜ್ಯಗಳನ್ನು ಸುತ್ತಿದ. ಹೀಗೆ ಸಿದ್ಧವಾದ 'ಗ್ಯಾಸ್‌ಲ್ಯಾಂಡ್' 2010ರಲ್ಲಿ ಸನ್‌ಡಾನ್ಸ್ ಚಿತ್ರೋತ್ಸವದ ವಿಶೇಷ ಬಹುಮಾನ ಪಡೆಯಿತು. ಮುಂದಿನ ವರ್ಷ ಆಸ್ಕರ್ ಪ್ರಶಸ್ತಿಗೆ ನಾಮನಿರ್ದೇಶನಗೊಂಡಿತು. ಚಿತ್ರದುದ್ದಕ್ಕೂ ಫಾಕ್ಸ್ ಇದ್ದಾನೆ. ದೂರವಾಣಿಯಲ್ಲಿ ಕಂಪನಿಗಳ ಕಚೇರಿಗಳನ್ನು ಕಾಡುತ್ತಾನೆ. ಅಧಿಕಾರಿಯ ಮುಂದೆ ಹಳ್ಳಿಯ ನೀರನ್ನು ಇಟ್ಟು ಕುಡಿಯುವಿರಾ ಎಂದು ಕೇಳುತ್ತಾನೆ. ಮುಖಕ್ಕೆ ಅನಿಲರಕ್ಷಕ ಮುಖವಾಡ ತೊಟ್ಟು, ಕೊರೆತದ ಗೋಪುರದ ಮುಂದೆ ನಿಂತು ಬ್ಯಾಂಜೊ ನುಡಿಸುತ್ತಾನೆ.

ಇದು ಹೊಸ ಪರಂಪರೆಯೇನೂ ಅಲ್ಲ. ಮೈಕೆಲ್ ಮೂರ್ 1989ರಲ್ಲಿ ತನ್ನ ಹುಟ್ಟೂರಾದ ಫ್ಲಿಂಟ್‌ನಲ್ಲಿ ಕಾರ್ಖಾನೆಗಳು ಮುಚ್ಚಿದಾಗ, ಮೋಟಾರು ಕಂಪನಿಯ ಅಧ್ಯಕ್ಷನನ್ನು ಬೆನ್ನಟ್ಟಿ ಹೋದದ್ದನ್ನೇ ಚಿತ್ರವಾಗಿಸಿದ್ದ. ಫ್ರಾನ್ಸಿನ ಆನ್ಯೆಸ್ ವಾರ್ದಾ 2000ದಲ್ಲಿ ಕೊಯ್ಲಿನ ನಂತರ ಹೊಲದಲ್ಲಿ ಉಳಿದ ಆಲೂಗಡ್ಡೆಯನ್ನು ಆಯ್ದುಕೊಳ್ಳುವ ಬಡವರನ್ನು ಚಿತ್ರಿಸುತ್ತ, ಅದೇ ಕ್ಯಾಮೆರಾದಿಂದ ಸುಕ್ಕುಗಟ್ಟಿದ ತನ್ನ ಕೈಯನ್ನೂ ತೋರಿಸಿದ್ದರು. ನೋಡುವವರು ಎಲ್ಲಿ ನಿಂತು ನೋಡುತ್ತಿದ್ದಾರೆ ಎಂಬುದು ನೋಟದ ಭಾಗವೇ ಎಂಬ ಪ್ರಾಮಾಣಿಕತೆ ಅದರಲ್ಲಿತ್ತು.

ಮುಖವಿಲ್ಲದ ದನಿಯ ಪ್ರತಾಪ

ಮರೆಯಲ್ಲಿ ನಿಂತು ಮಾತನಾಡುವ ದನಿ ಭಾರತದ ಹಿರಿಯರಿಗೆ ಚಿರಪರಿಚಿತ. 1948ರಲ್ಲಿ ಸ್ಥಾಪನೆಯಾದ ಫಿಲ್ಮ್ಸ್ ಡಿವಿಷನ್ನಿನ ವಾರ್ತಾಚಿತ್ರಗಳನ್ನು ಮುಖ್ಯ ಚಿತ್ರಕ್ಕೆ ಮೊದಲು ತೋರಿಸುವುದು ದಶಕಗಳ ಕಾಲ ಚಿತ್ರಮಂದಿರಗಳಿಗೆ ಕಡ್ಡಾಯವಾಗಿತ್ತು. ಅಣೆಕಟ್ಟು, ಕಾರ್ಖಾನೆಗಳ ದೃಶ್ಯಗಳ ಮೇಲೆ ಗಂಭೀರವಾದ ಗಂಡುದನಿಯೊಂದು ಹರಿಯುತ್ತಿತ್ತು. ಆ ದನಿಗೆ ಹೆಸರಿರಲಿಲ್ಲ, ಊರಿರಲಿಲ್ಲ, ಯಾವ ಕಣಿವೆಯಲ್ಲಿ ಅದರ ಮನೆಯಿದೆ ಎಂಬುದು ತಿಳಿಯುತ್ತಿರಲಿಲ್ಲ. ಮುಳುಗಡೆಯ ಊರಿನವನು ಎದ್ದುನಿಂತು ಅದಕ್ಕೆ ಮರುಪ್ರಶ್ನೆ ಹಾಕುವಂತಿರಲಿಲ್ಲ. ಅದನ್ನೇ ವಸ್ತುನಿಷ್ಠತೆ ಎಂದು ಒಂದು ತಲೆಮಾರು ಕಲಿತುಕೊಂಡಿತು.

ಕಂಪನಿಗಳ ಮೌನವೂ ಇದೇ ಜಾತಿಯದು. ಫಾಕ್ಸ್ ಸಂದರ್ಶನ ಕೇಳಿದಾಗ ಒಂದರ ಹಿಂದೆ ಒಂದರಂತೆ ಕಚೇರಿಗಳು ನಿರಾಕರಿಸಿದ್ದನ್ನು ಚಿತ್ರ ತೋರಿಸುತ್ತದೆ. ಮಾತನಾಡುವ ಅಗತ್ಯ ಅವರಿಗೆ ಇರಲಿಲ್ಲ. ಅವರ ಪರವಾಗಿ ಕಾಯಿದೆಯೇ ಮಾತನಾಡಿತ್ತು. 2005ರ ಇಂಧನ ನೀತಿ ಕಾಯಿದೆಯು, ಡೀಸೆಲ್ ಬಳಸಿದ ಸಂದರ್ಭವೊಂದನ್ನು ಬಿಟ್ಟು, ಫ್ರ್ಯಾಕಿಂಗಿಗೆ ನೆಲದಡಿ ನುಗ್ಗಿಸುವ ದ್ರವವನ್ನು ಸುರಕ್ಷಿತ ಕುಡಿಯುವ ನೀರಿನ ಕಾಯಿದೆಯ ನಿಯಂತ್ರಣದಿಂದ ಹೊರಗಿಟ್ಟಿತು. ಆಗ ಅಮೆರಿಕದ ಉಪಾಧ್ಯಕ್ಷರಾಗಿದ್ದ ಡಿಕ್ ಚೇನಿ ಅದಕ್ಕೆ ಮೊದಲು ಹ್ಯಾಲಿಬರ್ಟನ್ ಎಂಬ ತೈಲಸೇವಾ ಕಂಪನಿಯ ಮುಖ್ಯಸ್ಥರಾಗಿದ್ದವರು. ಜನ ಈ ವಿನಾಯಿತಿಯನ್ನು ಹ್ಯಾಲಿಬರ್ಟನ್ ಕಿಂಡಿ ಎಂದೇ ಕರೆದರು. ಕಾಯಿದೆಯ ಭಾಷೆಯಲ್ಲಿ ಮನುಷ್ಯನ ಮುಖ ಕಾಣುವುದಿಲ್ಲ; ಕಾಣದೆ ಇರುವುದೇ ಅದರ ಬಲ.

ಚಿತ್ರ ಹೊರಬಂದ ಮೇಲೆ ಉದ್ಯಮದವರು ನಡೆದುಕೊಂಡ ರೀತಿ ಇನ್ನೂ ಬೋಧಪ್ರದ. ತೈಲ ಮತ್ತು ಅನಿಲ ಉತ್ಪಾದಕರ ಪ್ರಚಾರ ವೇದಿಕೆಯಾದ ಎನರ್ಜಿ ಇನ್ ಡೆಪ್ತ್, 2011ರಲ್ಲಿ ಆಸ್ಕರ್ ಅಕಾಡೆಮಿಗೆ ಪತ್ರ ಬರೆದು ಚಿತ್ರವನ್ನು ಸ್ಪರ್ಧೆಯಿಂದ ಕೈಬಿಡಬೇಕೆಂದು ಒತ್ತಾಯಿಸಿತು. ಅದು ಫಲಿಸಲಿಲ್ಲ. 2012ರಲ್ಲಿ ಉದ್ಯಮದ ಬೆಂಬಲದಿಂದಲೇ 'ಟ್ರೂತ್‌ಲ್ಯಾಂಡ್' ಎಂಬ ಚಿತ್ರ ಬಂತು. ಅದರ ಕೇಂದ್ರದಲ್ಲಿ ಇದ್ದದ್ದು ಕಂಪನಿಯ ಅಧಿಕಾರಿಯಲ್ಲ, ಪೆನ್ಸಿಲ್ವೇನಿಯಾದ ಒಬ್ಬ ರೈತ ಗೃಹಿಣಿ. ಆಕೆಯೂ ಫಾಕ್ಸ್‌ನಂತೆಯೇ ಊರೂರು ಸುತ್ತಿ ಪ್ರಶ್ನೆ ಕೇಳುತ್ತಾಳೆ. ಅಂದರೆ, ಮುಖ ತೋರುವುದು ಸಾಕ್ಷ್ಯಕ್ಕೆ ಕಳಂಕ ಎಂಬ ವಾದವನ್ನು ಉದ್ಯಮವೂ ನಂಬಿರಲಿಲ್ಲ. ಅದಕ್ಕೆ ಬೇಕಾಗಿದ್ದುದು ಇನ್ನೊಂದು ಮುಖ, ತನ್ನ ಖರ್ಚಿನಲ್ಲಿ ಸಿದ್ಧವಾದ ಮುಖ.

ಯಾರ ಬಾಯಿಗೆ ಸ್ವಾತಂತ್ರ್ಯ?

ನಿರ್ದೇಶಕನೇಕೆ ಮುಂದೆ ಬರಬೇಕು, ನೊಂದವರೇ ಮಾತನಾಡಲಿ ಎಂಬ ಮತ್ತೊಂದು ಆಕ್ಷೇಪವಿದೆ. ಇದು ತೂಕವುಳ್ಳ ಆಕ್ಷೇಪ. ನೊಂದವರು ಮಾತನಾಡಲು ಬಿಡುಗಡೆ ಪಡೆದವರೇ ಎಂಬುದನ್ನು ಮಾತ್ರ ಅದು ಕೇಳುವುದಿಲ್ಲ.

ಪೆನ್ಸಿಲ್ವೇನಿಯಾದ ಪಶ್ಚಿಮ ಭಾಗದಲ್ಲಿ ಕೃಷಿಭೂಮಿ ಹೊಂದಿದ್ದ ಒಂದು ಕುಟುಂಬ, ನೆರೆಯ ಕೊರೆತದಿಂದ ಆರೋಗ್ಯ ಕೆಟ್ಟಿತೆಂದು ದೂರು ಹೂಡಿತ್ತು. 2011ರಲ್ಲಿ ಕಂಪನಿಗಳೊಡನೆ 7.5 ಲಕ್ಷ ಡಾಲರಿಗೆ ರಾಜಿಯಾಯಿತು. ಕಡತಕ್ಕೆ ಮೊಹರು ಬಿತ್ತು. ಎರಡು ಪತ್ರಿಕೆಗಳು ನ್ಯಾಯಾಲಯದ ಮೆಟ್ಟಿಲೇರಿದ ಫಲವಾಗಿ 2013ರಲ್ಲಿ ಕಡತ ತೆರೆದಾಗ ಕಂಡದ್ದು, ಆ ದಂಪತಿ ಕೊರೆತದ ವಿಷಯವಾಗಿ ಬಾಯಿ ಬಿಡಬಾರದು ಎಂಬ ಷರತ್ತು. ಅದು ಅವರ ಪುಟ್ಟ ಮಕ್ಕಳಿಗೂ ಅನ್ವಯಿಸುವುದೇ ಎಂಬ ಪ್ರಶ್ನೆ ಎದ್ದಾಗ, ಅನ್ವಯಿಸುತ್ತದೆ ಎಂದು ಕಂಪನಿಯ ಪರ ವಕೀಲರೊಬ್ಬರು ವಿಚಾರಣೆಯಲ್ಲಿ ಹೇಳಿದ್ದೂ ದಾಖಲಾಗಿತ್ತು. ಕಂಪನಿ ನಂತರ ಆ ನಿಲುವಿನಿಂದ ಹಿಂದೆ ಸರಿಯಿತು. ಡಿಮಕ್‌ನ ಬಹುಪಾಲು ಕುಟುಂಬಗಳೂ 2012ರಲ್ಲಿ ಮಾತಿಗೆ ಬೀಗ ಹಾಕುವ ರಾಜಿಪತ್ರಗಳಿಗೆ ಸಹಿ ಹಾಕಿದವು. ವಿಷ ಬೆರೆತ ನೀರಿನೊಡನೆ ವರ್ಷಗಟ್ಟಲೆ ಬದುಕಿದವರನ್ನು ಇದಕ್ಕಾಗಿ ದೂಷಿಸುವುದು ಅನ್ಯಾಯ. ಆದರೆ ಪರಿಣಾಮ ಸ್ಪಷ್ಟ. ಎರಡು ಸಹಿಗಳಿಂದ ಈ ವ್ಯವಹಾರ ನಡೆಯುತ್ತದೆ. ಮೊದಲನೆಯದು ನೆಲವನ್ನು ಕೊಡುತ್ತದೆ, ಎರಡನೆಯದು ನಾಲಿಗೆಯನ್ನು.

ಸಹಿ ಹಾಕದವನ ಮುಖ ಪರದೆಯ ಮೇಲೆ ಬೇಕಾಗುವುದು ಈ ಕಾರಣಕ್ಕೆ. 2012ರ ಫೆಬ್ರವರಿ 1ರಂದು ವಯೋಮಿಂಗ್‌ನ ಪೆವಿಲಿಯನ್ ಎಂಬ ಊರಿನ ಅಂತರ್ಜಲ ಕುರಿತು ಅಮೆರಿಕದ ಸಂಸತ್ತಿನ ಉಪಸಮಿತಿ ಬಹಿರಂಗ ವಿಚಾರಣೆ ನಡೆಸುತ್ತಿತ್ತು. ಅದನ್ನು ಚಿತ್ರೀಕರಿಸಲು ಹೋದ ಫಾಕ್ಸ್‌ನನ್ನು ಪೊಲೀಸರು ಕೈಕೋಳ ತೊಡಿಸಿ ಕರೆದೊಯ್ದರು. ಮರೆಯಲ್ಲಿ ಉಳಿಯುವ ನಿರ್ದೇಶಕನಿಗೆ ಈ ಗತಿ ಬರುವುದು ವಿರಳ. ತೆತ್ತ ಬೆಲೆಯೂ ಸಾಕ್ಷ್ಯಕ್ಕೆ ಒಂದು ಪುರಾವೆ.

ಕಟಕಟೆಯಲ್ಲಿ ಮುಗ್ಗರಿಸಿದ ಸಾಕ್ಷಿ

ಇಷ್ಟು ಹೇಳಿ ನಿಲ್ಲಿಸಿದರೆ ಅದು ಚಳವಳಿಯ ಆತ್ಮವಂಚನೆಯಾದೀತು. ಮುಖ ತೋರಿದವನು ಪ್ರಶ್ನೆಗೆ ಉತ್ತರಿಸಬೇಕು. ಆ ಪರೀಕ್ಷೆಯಲ್ಲಿ ಫಾಕ್ಸ್ ಪೂರ್ಣವಾಗಿ ತೇರ್ಗಡೆಯಾಗಲಿಲ್ಲ.

'ಗ್ಯಾಸ್‌ಲ್ಯಾಂಡ್' ಎಂದೊಡನೆ ನೆನಪಾಗುವುದು ಕೊಲರಾಡೊದ ಮನೆಯೊಂದರ ನಲ್ಲಿ. ಬೆಂಕಿಕಡ್ಡಿ ಗೀರಿದೊಡನೆ ನೀರು ಹೊತ್ತಿ ಉರಿಯುತ್ತದೆ. ಜಗತ್ತಿನಾದ್ಯಂತ ಹರಡಿದ ಚಿತ್ರ ಅದು. ಆದರೆ ಆ ರಾಜ್ಯದ ತೈಲ ಮತ್ತು ಅನಿಲ ಆಯೋಗವು ಚಿತ್ರದಲ್ಲಿ ಬರುವ ಮೂರು ಬಾವಿಗಳ ನೀರನ್ನು ಪರೀಕ್ಷಿಸಿತ್ತು. ಎರಡರಲ್ಲಿದ್ದ ಮೀಥೇನ್ ಜೈವಿಕ ಮೂಲದ್ದು, ಕೊರೆತಕ್ಕೆ ಸಂಬಂಧಿಸಿದ್ದಲ್ಲ ಎಂಬುದು ಅದರ ತೀರ್ಮಾನವಾಗಿತ್ತು. ಮೂರನೆಯದರಲ್ಲಿ ಜೈವಿಕ ಅನಿಲವೂ ಆಳದ ಅನಿಲವೂ ಬೆರೆತಿದ್ದವು. ಉರಿಯುವ ನಲ್ಲಿಯ ಪಕ್ಕದಲ್ಲಿ ಈ ತೀರ್ಮಾನವನ್ನು ಇಟ್ಟು, ಅದನ್ನು ಒಪ್ಪದಿದ್ದರೆ ಏಕೆಂದು ವಾದಿಸುವುದು ನಿರ್ದೇಶಕನ ಹೊಣೆಯಾಗಿತ್ತು. ಫಾಕ್ಸ್ ಹಾಗೆ ಮಾಡಲಿಲ್ಲ.

2011ರಲ್ಲಿ ಷಿಕಾಗೊದ ಸಭೆಯೊಂದರಲ್ಲಿ ಫೆಲಿಮ್ ಮೆಕಲೀರ್ ಎಂಬ ಐರಿಷ್ ಪತ್ರಕರ್ತ ಇದನ್ನೇ ಕೆದಕಿದ. ಕೊರೆತ ಬರುವುದಕ್ಕೆ ದಶಕಗಳ ಮೊದಲೂ ಕೆಲವೆಡೆ ನೀರಿನಲ್ಲಿ ಮೀಥೇನ್ ಇದ್ದ ವರದಿಗಳನ್ನು ಚಿತ್ರದಲ್ಲಿ ಏಕೆ ಹೇಳಲಿಲ್ಲ ಎಂಬುದು ಪ್ರಶ್ನೆ. ಅದು ಇಲ್ಲಿ ಪ್ರಸ್ತುತವಲ್ಲ ಎಂಬುದು ಫಾಕ್ಸ್ ಉತ್ತರದ ಸಾರ. ಉದ್ಯಮದ ಪರವಾಗಿ ನಿಂತ ಮೆಕಲೀರ್ 2013ರಲ್ಲಿ 'ಫ್ರ್ಯಾಕ್‌ನೇಷನ್' ಎಂಬ ಚಿತ್ರ ತೆಗೆದ. ಅದರಲ್ಲಿ ಆತನೂ ಪರದೆಯ ಮೇಲಿದ್ದಾನೆ. ಪ್ರಶ್ನೆ ಕೇಳಿದವನ ಉದ್ದೇಶ ಏನೇ ಇರಲಿ, ಪ್ರಶ್ನೆ ನ್ಯಾಯವಾದದ್ದು. ಪ್ರಸ್ತುತವಲ್ಲ ಎಂಬುದು ಕಂಪನಿಗಳ ಬಾಯಲ್ಲಿ ಕೇಳಿ ರೋಸಿಹೋದ ಮಾತು. ಸಾಕ್ಷಿಯ ಬಾಯಲ್ಲಿ ಅದು ಬರಬಾರದಿತ್ತು. ನವೀಕರಿಸಬಹುದಾದ ಇಂಧನವನ್ನು ಕಟುವಾಗಿ ಟೀಕಿಸಿದ 'ಪ್ಲಾನೆಟ್ ಆಫ್ ದ ಹ್ಯೂಮನ್ಸ್' 2020ರಲ್ಲಿ ಬಿಡುಗಡೆಯಾದಾಗ, ಆ ಚಿತ್ರವನ್ನು ಹಿಂತೆಗೆದುಕೊಳ್ಳಬೇಕೆಂಬ ಬಹಿರಂಗ ಪತ್ರಕ್ಕೆ ಮುಂದಾಳಾದವನು ಇದೇ ಫಾಕ್ಸ್. ಆ ಚಿತ್ರದಲ್ಲಿ ಹಳೆಯ ಅಂಕಿಅಂಶಗಳು ತುಂಬಿದ್ದವೆಂಬ ಟೀಕೆ ಸರಿಯೇ. ತಪ್ಪು ಅಂಕಿಗೆ ಸರಿ ಅಂಕಿಯಿಂದ ಉತ್ತರಿಸಬೇಕು. ಚಿತ್ರವನ್ನೇ ತೆಗೆಯಿರಿ ಎಂಬ ಬೇಡಿಕೆಯನ್ನು ಒಂಬತ್ತು ವರ್ಷಗಳ ಹಿಂದೆ ಆಸ್ಕರ್ ಅಕಾಡೆಮಿಗೆ ಪತ್ರ ಬರೆದವರಿಗೆ ಬಿಟ್ಟುಕೊಡಬಹುದಿತ್ತು.

ಈ ಲೋಪಗಳಿಂದ ಫಾಕ್ಸ್ ಹೇಳಿದ್ದೆಲ್ಲ ಸುಳ್ಳೆಂದು ಸಾಧಿಸಿದಂತಾಗುವುದೇ? ಆಗುವುದಿಲ್ಲ. ಡ್ಯೂಕ್ ವಿಶ್ವವಿದ್ಯಾಲಯದ ಸಂಶೋಧಕರು 2011ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಈಶಾನ್ಯ ಪೆನ್ಸಿಲ್ವೇನಿಯಾ ಮತ್ತು ನ್ಯೂಯಾರ್ಕಿನಲ್ಲಿ ಅನಿಲ ಬಾವಿಗಳ 1 ಕಿಲೋಮೀಟರ್ ಒಳಗಿನ ಕುಡಿಯುವ ನೀರಿನಲ್ಲಿ ಮೀಥೇನ್ ಪ್ರಮಾಣ ದೂರದ ಬಾವಿಗಳಿಗಿಂತ ಬಹಳ ಹೆಚ್ಚಿತ್ತು. ಫ್ರ್ಯಾಕಿಂಗ್ ದ್ರವದ ಕುರುಹು ಅವರಿಗೆ ಸಿಗಲಿಲ್ಲ. ಅದನ್ನೂ ಅವರು ಬರೆದರು. ಅವರ ಮಾತಿಗೆ ತೂಕ ಬಂದದ್ದು ಹೀಗೆ. ಡಿಮಕ್‌ನಲ್ಲಿ 18 ಮನೆಗಳ ನೀರಿಗೆ ಮೀಥೇನ್ ಹರಿದದ್ದಕ್ಕೆ ಕ್ಯಾಬಟ್ ಕಂಪನಿಯ ದೋಷಪೂರಿತ ಬಾವಿಗಳೇ ಕಾರಣವೆಂದು ರಾಜ್ಯದ ಪರಿಸರ ಇಲಾಖೆ ನಿರ್ಣಯಿಸಿತು. ಕ್ಯಾಬಟ್‌ನ ಉತ್ತರಾಧಿಕಾರಿಯಾದ ಕೊಟೆರಾ ಎನರ್ಜಿ, 2022ರ ನವೆಂಬರ್ 29ರಂದು ನ್ಯಾಯಾಲಯದಲ್ಲಿ ಪರಿಸರ ಅಪರಾಧದ ಆರೋಪವೊಂದನ್ನು ಪ್ರತಿಭಟಿಸದೆ ಶಿಕ್ಷೆಗೆ ತಲೆಬಾಗಿತು. ಹಳ್ಳಿಗೆ ಶುದ್ಧ ನೀರಿನ ಕೊಳವೆಮಾರ್ಗಕ್ಕಾಗಿ 1.6 ಕೋಟಿ ಡಾಲರಿಗೂ ಹೆಚ್ಚು ಹಣ ಕೊಡಲು ಒಪ್ಪಿತು. ಸತ್ಯ ಡಿಮಕ್‌ನಲ್ಲಿ ಅಷ್ಟು ಗಟ್ಟಿಯಾಗಿದ್ದಾಗ, ಕೊಲರಾಡೊದ ಬೆಂಕಿಯ ಮೇಲೆ ಇಡೀ ವಾದದ ಭಾರ ಹೊರಿಸುವ ಅಗತ್ಯವಿರಲಿಲ್ಲ. ದುರ್ಬಲವಾದ ಒಂದು ದೃಶ್ಯ, ಬಲವಾದ ಹತ್ತು ದಾಖಲೆಗಳನ್ನು ಸಂಶಯಕ್ಕೆ ಈಡುಮಾಡುತ್ತದೆ.

ನದಿಯ ಎರಡು ದಂಡೆ

ಡೆಲವೇರ್ ನದಿಯ ಮೇಲ್ಭಾಗದಲ್ಲಿ ಒಂದು ದಂಡೆ ನ್ಯೂಯಾರ್ಕ್ ರಾಜ್ಯ, ಇನ್ನೊಂದು ಪೆನ್ಸಿಲ್ವೇನಿಯಾ. ಎರಡೂ ಕಡೆಯ ಜನ ಅದೇ ಚಿತ್ರವನ್ನು ನೋಡಿದರು, ಅದೇ ಬ್ಯಾಂಜೊ ಕೇಳಿದರು. ಫಲ ಒಂದೇ ಆಗಲಿಲ್ಲ.

ನ್ಯೂಯಾರ್ಕಿನಲ್ಲಿ ಡ್ರೈಡನ್ ಎಂಬ ಪಟ್ಟಣದ ಸ್ಥಳೀಯ ಮಂಡಳಿ 2011ರಲ್ಲಿ ತನ್ನ ಭೂಬಳಕೆ ನಿಯಮವನ್ನು ತಿದ್ದಿ ಕೊರೆತವನ್ನು ನಿಷೇಧಿಸಿತು. ಕಂಪನಿ ಮೊಕದ್ದಮೆ ಹೂಡಿತು. ಸ್ಥಳೀಯ ಆಡಳಿತಕ್ಕೆ ಆ ಅಧಿಕಾರವಿದೆ ಎಂದು ರಾಜ್ಯದ ಅತ್ಯುನ್ನತ ನ್ಯಾಯಾಲಯ 2014ರ ಜೂನ್ 30ರಂದು ತೀರ್ಪಿತ್ತಿತು. ಅದೇ ವರ್ಷ ಡಿಸೆಂಬರ್‌ನಲ್ಲಿ ಆರೋಗ್ಯ ಇಲಾಖೆಯ ಪರಿಶೀಲನೆಯ ಆಧಾರದ ಮೇಲೆ ರಾಜ್ಯಾದ್ಯಂತ ನಿಷೇಧ ಘೋಷಣೆಯಾಯಿತು; 2020ರಲ್ಲಿ ಅದು ಕಾಯಿದೆಯಾಯಿತು. ಇದನ್ನು ಸಾಧಿಸಿದ್ದು ಸಭೆ ಸೇರಿದ, ಅರ್ಜಿ ಬರೆದ, ನಕ್ಷೆ ಓದಿದ, ಮತ ಹಾಕಿದ ಊರಿನ ಜನ. ಸಿನಿಮಾ ಅವರ ಸಭೆಗೆ ಜನರನ್ನು ಕರೆತಂದಿರಬಹುದು; ನಿರ್ಣಯ ಬರೆದದ್ದು ಸಭೆ.

ನದಿಯ ಕಣಿವೆಗೆ ಸಂಬಂಧಿಸಿದ ಡೆಲವೇರ್ ಕಣಿವೆ ಆಯೋಗವು 2021ರ ಫೆಬ್ರವರಿಯಲ್ಲಿ, ಒಂದು ಕೋಟಿಗೂ ಹೆಚ್ಚು ಜನರಿಗೆ ನೀರುಣಿಸುವ ಆ ಜಲಾನಯನ ಪ್ರದೇಶದಲ್ಲಿ ಫ್ರ್ಯಾಕಿಂಗನ್ನು ನಿಷೇಧಿಸಿತು. ಫಾಕ್ಸ್‌ನ ಮಿಲನ್‌ವಿಲ್ ಅದರೊಳಗೆ ಬರುತ್ತದೆ. ಡಿಮಕ್ ಬರುವುದಿಲ್ಲ, ಅದು ಸಸ್ಕ್ವೆಹಾನಾ ನದಿಯ ಕಣಿವೆಗೆ ಸೇರಿದ್ದು. ಕೊಟೆರಾ ಶಿಕ್ಷೆಗೆ ತಲೆಬಾಗಿದ ದಿನವೇ, ಡಿಮಕ್‌ನಲ್ಲಿ 2010ರಿಂದ ಇದ್ದ ಕೊರೆತದ ತಡೆಯನ್ನು ರಾಜ್ಯದ ಪರಿಸರ ಇಲಾಖೆ ಸದ್ದಿಲ್ಲದೆ ಸಡಿಲಿಸಿತು. ಹೊರಗಿನಿಂದ ಕೊರೆದು ಹಳ್ಳಿಯ ಅಡಿಗೆ ಅಡ್ಡಲಾಗಿ ನುಗ್ಗಲು ಅನುಮತಿ ದೊರೆಯಿತು. ಚಿತ್ರ ತೆಗೆದವನ ಹಳ್ಳ ಉಳಿಯಿತು. ಚಿತ್ರಕ್ಕೆ ತನ್ನ ಕೊಳೆತ ನೀರನ್ನು ಕೊಟ್ಟ ಹಳ್ಳಿಯ ಅಡಿ ಮತ್ತೆ ಯಂತ್ರ ಹೊಕ್ಕಿತು. ಪರದೆಯ ಮೇಲೆ ಮುಖ ಕಂಡರೆ ಕೆಲಸ ಮುಗಿಯಿತೆಂದು ನಂಬುವವರು ಈ ಎರಡು ಊರುಗಳ ಹೆಸರನ್ನು ಒಟ್ಟಿಗೆ ನೆನಪಿಡಬೇಕು.

ಕ್ಯಾಮೆರಾ ಊರಿಗೆ ಬಂದಾಗ

ಇಂದು ಪ್ರತಿ ಕೈಯಲ್ಲೂ ಕ್ಯಾಮೆರಾ ಇದೆ. ಗಣಿ, ರಸ್ತೆ, ವಿದ್ಯುತ್ ಯೋಜನೆ ಎಂದೊಡನೆ ಬೆಟ್ಟದ ಊರುಗಳಿಗೆ ಚಿತ್ರ ತೆಗೆಯುವವರು ಬರುತ್ತಾರೆ. ಊರಿನ ವಿದ್ಯಾರ್ಥಿಗಳೇ ತೆಗೆಯುತ್ತಾರೆ. ಬಂದವರು ಮುಂದೆ ನಿಲ್ಲುತ್ತಾರೋ ಹಿಂದೆ ನಿಲ್ಲುತ್ತಾರೋ ಎಂಬುದಷ್ಟೇ ಗ್ರಾಮಸ್ಥರ ಚಿಂತೆಯಾಗಬಾರದು. ಯಾರ ಹಣದಲ್ಲಿ ಬಂದರು, ಯಾವ ನೀರು ಕುಡಿದು ಬೆಳೆದರು, ಚಿತ್ರ ಮುಗಿದ ಮೇಲೆ ಅದನ್ನು ಮೊದಲು ತೋರಿಸುವುದು ಈ ಊರಿನಲ್ಲೋ ದೂರದ ಉತ್ಸವದಲ್ಲೋ ಎಂದು ಕೇಳಬೇಕು. ತಮಗೆ ವಿರುದ್ಧವಾದ ಒಂದು ದಾಖಲೆ ಸಿಕ್ಕರೆ ಅದನ್ನೂ ಚಿತ್ರದಲ್ಲಿ ಇಡುವರೇ ಎಂದು ಕೇಳಬೇಕು. ಕ್ಯಾಮೆರಾ ಹಿಡಿದ ವಿದ್ಯಾರ್ಥಿ ಇದೇ ಪ್ರಶ್ನೆಗಳನ್ನು ಮೊದಲು ತನಗೆ ಹಾಕಿಕೊಳ್ಳಬೇಕು. ನೀರಿನ ಮಾದರಿಯನ್ನು ಕೊರೆತಕ್ಕೆ, ಗಣಿಗೆ, ಸುರಂಗಕ್ಕೆ ಮೊದಲೇ ಪರೀಕ್ಷೆ ಮಾಡಿಸಿ ದಿನಾಂಕ ಸಹಿತ ಇಟ್ಟುಕೊಂಡ ಊರು, ನಾಳೆ ಉರಿಯುವ ನಲ್ಲಿಯ ಆಶ್ರಯ ಬೇಡಬೇಕಾಗಿಲ್ಲ.

ಇಷ್ಟಾದ ಮೇಲೂ ಮುಖ ಮರೆಸಿ ಮಾತನಾಡುವ ದನಿಗಿಂತ, ಮುಖ ತೋರಿ ಮುಗ್ಗರಿಸುವ ಸಾಕ್ಷಿಯೇ ಮೇಲು. ಮುಗ್ಗರಿಸಿದವನನ್ನು ಹಿಡಿದು ಕೇಳಬಹುದು. ಕೊಲರಾಡೊದ ನಲ್ಲಿಯ ಬಗ್ಗೆ ಫಾಕ್ಸ್‌ನನ್ನು ಜಗತ್ತು ಇಂದಿಗೂ ಕೇಳುತ್ತಿದೆ. ಗುತ್ತಿಗೆಯ ಪತ್ರಕ್ಕೆ ಕಂಪನಿಯ ಪರವಾಗಿ ಸಹಿ ಹಾಕಿದವರಾರು, ಮಕ್ಕಳ ಬಾಯಿಗೂ ಬೀಗ ಎಂಬ ಷರತ್ತನ್ನು ಮೊದಲು ಯೋಚಿಸಿದವರಾರು, ಕಾಯಿದೆಯಲ್ಲಿ ಕಿಂಡಿ ಕೊರೆದ ಲೇಖನಿ ಯಾರದು, ಇವರ ಮುಖಗಳು ಯಾವ ಪರದೆಯ ಮೇಲೂ ಮೂಡಿಲ್ಲ. ಪಾಟೀಸವಾಲು ನಡೆಯಬೇಕಾದದ್ದು ಅಲ್ಲಿ. ಅವರನ್ನು ಕಟಕಟೆಗೆ ಕರೆತರುವ ತನಕ, ಚಿತ್ರ ಎಷ್ಟೇ ಬಹುಮಾನ ಗಳಿಸಲಿ, ಊರಿನ ಕೆಲಸ ಬಾಕಿ ಇದೆ.